ಕುಡಿಯದೆಯೇ ಬಾಯಲ್ಲಿ ಹೆಂಡದ ವಾಸನೆ: ಆಣೆ ಬೇಡ, ಪರೀಕ್ಷೆ ಮಾಡಿಸಿ

ಪ್ರಶ್ನೆ: ಡಾಕ್ಟ್ರೇ, ನಮ್ಮದು ಗಂಗಾವತಿ ತಾಲೂಕಿನ ಒಂದು ಹಳ್ಳಿ. ನಮ್ಮ ಮನೆಯವರಿಗೆ 44 ವರ್ಷ. ಸಂಡೂರು ಕಡೆ ಅದಿರಿನ ಟಿಪ್ಪರ್ ಓಡಿಸುತ್ತಾರೆ. ಆರು ವರ್ಷದಿಂದ ಸಕ್ಕರೆ ಕಾಯಿಲೆ ಇದೆ. ಗ್ಲಿಮೆಪಿರೈಡ್, ಮೆಟ್‌ಫಾರ್ಮಿನ್ ಎರಡೂ ಸೇರಿದ ಗುಳಿಗೆ ತಗೊಳ್ಳುತ್ತಾರೆ. ಹೋದ ವರ್ಷ ಕಾಲಿಗೆ ಗಾಯ ಆಗಿ ಎರಡು ತಿಂಗಳು ಬೇರೆ ಬೇರೆ ಆಂಟಿಬಯಾಟಿಕ್ ನಡೀತು. ಗ್ಯಾಸ್ ಗುಳಿಗೆ ಅಂತೂ ದಿನಾ ಬೇಕು. ಈಗ ಮೂರ್ನಾಲ್ಕು ತಿಂಗಳಿಂದ ಮಧ್ಯಾಹ್ನ ಅನ್ನ ಉಂಡ ಎರಡು ಮೂರು ತಾಸಿಗೆ ಮಾತು ತೊದಲುತ್ತದೆ, ಜೋಲಿ ಹೊಡೆಯುತ್ತಾರೆ, ಬಾಯಿಂದ ವಾಸನೆ ಬರುತ್ತದೆ. ಕೆಲಸದ ಗೇಟಿನಲ್ಲಿ ಊದಿಸಿದರೆ 62 ಬಂತು. ಎರಡನೇ ಸಲವೂ ಹಾಗೇ ಆಯಿತು, ಕೆಲಸಕ್ಕೆ ಬರಬೇಡ ಅಂದರು. ಅವರು ಅಂಜನಾದ್ರಿ ಹನುಮಪ್ಪನ ಮೇಲೆ ಆಣೆ ಮಾಡಿದ್ದಾರೆ, ಕುಡಿದಿಲ್ಲ ಅಂತ. ನಮ್ಮ ಅತ್ತೆ ಯಾರೋ ಮದ್ದು ಹಾಕಿದ್ದಾರೆ ಅನ್ನುತ್ತಾರೆ. ನಮ್ಮ ಅಣ್ಣ ಕುಡಿತ ಬಿಡಿಸುವ ಪುಡಿ ತಂದುಕೊಟ್ಟು, ಗೊತ್ತಾಗದ ಹಾಗೆ ಸಾರಿನಲ್ಲಿ ಕಲಸು ಅಂದಿದ್ದಾನೆ. ಮಗ ಮಾತ್ರ ಮೊಬೈಲಿನಲ್ಲಿ ಓದಿ, ಕೆಲವರ ಹೊಟ್ಟೆಯೇ ಹೆಂಡ ತಯಾರು ಮಾಡುತ್ತದಂತೆ ಅನ್ನುತ್ತಾನೆ. ಇದು ನಿಜವಾ? ನಾನು ಯಾರನ್ನು ನಂಬಲಿ?

ಉತ್ತರ:

ತಂಗಿ, ನೀವು ಕೇಳಿರುವುದಕ್ಕೆ ಉತ್ತರ ಕೊಡುವ ಮೊದಲು ನೀವು ಕೇಳದೇ ಇರುವುದೊಂದನ್ನು ಹೇಳಿಬಿಡುತ್ತೇನೆ. ಆ ಪುಡಿಯನ್ನು ಸಾರಿಗೆ ಹಾಕಬೇಡಿ. ಈಗಾಗಲೇ ಹಾಕಿದ್ದರೆ ಇವತ್ತೇ ನಿಲ್ಲಿಸಿ.

ಗುಟ್ಟಾಗಿ ಮಾರುವ ಇಂಥ ಪುಡಿಗಳ ಪೊಟ್ಟಣದ ಮೇಲೆ ಒಳಗೆ ಏನಿದೆ ಎಂದು ಬರೆದಿರುವುದಿಲ್ಲ. ಡೈಸಲ್ಫಿರಾಮ್ ಎಂಬ ಔಷಧಿ ಬೆರೆಸಿರುವ ಸಾಧ್ಯತೆ ಇರುತ್ತದೆ. ಅದು ಆಸ್ಪತ್ರೆಗಳಲ್ಲಿ ಕುಡಿತ ಬಿಡಿಸಲು ಬಳಸುವ ಔಷಧಿಯೇ. ಆದರೆ ರೋಗಿಗೆ ತಿಳಿಸಿ, ಒಪ್ಪಿಗೆ ಪಡೆದು ಕೊಡುವಂಥದ್ದು. ನಮ್ಮ ಲಿವರ್ ಆಲ್ಕೋಹಾಲನ್ನು ಎರಡು ಹಂತದಲ್ಲಿ ಕರಗಿಸುತ್ತದೆ. ಮೊದಲ ಹಂತದಲ್ಲಿ ಅಸಿಟಾಲ್ಡಿಹೈಡ್ ಎಂಬ ವಿಷ ಹುಟ್ಟುತ್ತದೆ. ಎರಡನೇ ಹಂತದಲ್ಲಿ ಆ ವಿಷ ಇಳಿಯುತ್ತದೆ. ಡೈಸಲ್ಫಿರಾಮ್ ಈ ಎರಡನೇ ಹಂತವನ್ನೇ ತಡೆಯುತ್ತದೆ. ಆಗ ಮುಖ ಕೆಂಪಾಗಿ, ವಾಂತಿಯಾಗಿ, ಎದೆ ಬಡಿತ ಏರಿ, ಬಿಪಿ ಕುಸಿಯಬಹುದು. ಕುಡಿಯುವವನು ಭಯಬಿದ್ದು ಬಾಟಲಿ ಪಕ್ಕಕ್ಕಿಡಬಹುದು. ಆದರೆ ನಿಮ್ಮ ಮಗ ಹೇಳಿದ್ದು ನಿಜವಾಗಿದ್ದರೆ, ಅಂದರೆ ಆಲ್ಕೋಹಾಲ್ ಹೊಟ್ಟೆಯೊಳಗೇ ಹುಟ್ಟುತ್ತಿದ್ದರೆ, ನಿಮ್ಮ ಯಜಮಾನರು ಪಕ್ಕಕ್ಕಿಡುವುದಾದರೂ ಏನನ್ನು? ಒಂದು ತಟ್ಟೆ ಅನ್ನವೇ ಅವರ ಜೀವಕ್ಕೆ ಎರವಾಗಬಹುದು.

ಇನ್ನೊಂದು ಮಾತು. ಕಾರಣ ಏನೇ ಇರಲಿ, ಇದು ಇತ್ಯರ್ಥ ಆಗುವವರೆಗೆ ಅವರು ಟಿಪ್ಪರ್ ಹತ್ತಬಾರದು, ಬೈಕನ್ನೂ ಓಡಿಸಬಾರದು. ಕುಡಿದು ಬಂದ ಅಮಲಾದರೂ ಅಷ್ಟೇ, ಅನ್ನದಿಂದ ಬಂದ ಅಮಲಾದರೂ ಅಷ್ಟೇ, ಸ್ಟೇರಿಂಗ್ ಮೇಲಿನ ಕೈ ಒಂದೇ ರೀತಿ ತಪ್ಪುತ್ತದೆ. ಮನೆ ನಡೆಸುವ ಚಿಂತೆ ನಿಮಗಿದೆ ಎಂದು ಗೊತ್ತಿದ್ದೇ ಹೇಳುತ್ತಿದ್ದೇನೆ.

ಈಗ ನಿಮ್ಮ ಪ್ರಶ್ನೆ. ಮಗ ಓದಿದ್ದು ಸುಳ್ಳಲ್ಲ. ಇದನ್ನು ಆಟೋ ಬ್ರೂವರಿ ಸಿಂಡ್ರೋಮ್ ಅನ್ನುತ್ತಾರೆ. ಹೊಟ್ಟೆಯೇ ಹೆಂಡದ ಭಟ್ಟಿ ಆಗುವ ಕಾಯಿಲೆ. ಜಪಾನಿನ ವೈದ್ಯರು 1950ರ ದಶಕದಿಂದಲೇ ಇಂಥ ರೋಗಿಗಳ ಬಗ್ಗೆ ಬರೆದಿದ್ದಾರೆ. 2013ರಲ್ಲಿ ಅಮೆರಿಕದ ಟೆಕ್ಸಾಸ್‌ನ ಬಾರ್ಬರಾ ಕಾರ್ಡೆಲ್ ಮತ್ತು ಜಸ್ಟಿನ್ ಮೆಕಾರ್ಥಿ 61 ವರ್ಷದ ಒಬ್ಬರ ವಿವರ ಪ್ರಕಟಿಸಿದ ಮೇಲೆ ಜಗತ್ತಿನ ಗಮನ ಈ ಕಡೆ ತಿರುಗಿತು. ಆದರೆ ಇದು ತೀರಾ ಅಪರೂಪ. ಇಡೀ ಜಗತ್ತಿನ ವೈದ್ಯಕೀಯ ಬರಹಗಳಲ್ಲಿ ಪೂರ್ತಿ ಖಚಿತವಾದ ರೋಗಿಗಳ ಸಂಖ್ಯೆ ಸಣ್ಣದು. ಹಾಗಾಗಿ ನಿಮ್ಮ ಯಜಮಾನರಿಗೆ ಇದೇ ಆಗಿದೆ ಎಂದು ಪತ್ರ ಓದಿ ಹೇಳುವುದು ತಪ್ಪಾಗುತ್ತದೆ. ಇರಲಾರದು ಎಂದು ತಳ್ಳಿಹಾಕುವುದೂ ತಪ್ಪೇ.

ಇದು ಹೇಗೆ ಆಗುತ್ತದೆ ಎಂದು ತಿಳಿಯಲು ನಮ್ಮ ಭಾಗದವರು ದೂರ ಹೋಗಬೇಕಿಲ್ಲ. ಈಚಲ ಮರದಿಂದ ಮುಂಜಾನೆ ಇಳಿಸಿದ ರಸ ಬರೀ ಸಿಹಿ ನೀರು. ಬಿಸಿಲೇರುತ್ತಿದ್ದ ಹಾಗೆ ಅದೇ ಮಡಕೆಯಲ್ಲಿ ನೊರೆ ಬರುತ್ತದೆ, ಮಧ್ಯಾಹ್ನಕ್ಕೆ ಸೇಂದಿ ಆಗುತ್ತದೆ. ಯಾರೂ ಏನೂ ಬೆರೆಸಿರುವುದಿಲ್ಲ. ಗಾಳಿಯಲ್ಲಿ, ಮಡಕೆಯಲ್ಲಿ ಇರುವ ಯೀಸ್ಟ್ ಎಂಬ ಕಣ್ಣಿಗೆ ಕಾಣದ ಜೀವಿ ಸಕ್ಕರೆಯನ್ನು ತಿಂದು ಆಲ್ಕೋಹಾಲ್ ಮತ್ತು ಗ್ಯಾಸ್ ಬಿಡುತ್ತದೆ. ಇಂಥ ಯೀಸ್ಟ್ ನಮ್ಮೆಲ್ಲರ ಕರುಳಿನಲ್ಲೂ ಸ್ವಲ್ಪ ಇರುತ್ತದೆ. ನಿಮ್ಮ ಹೊಟ್ಟೆಯಲ್ಲೂ, ನನ್ನ ಹೊಟ್ಟೆಯಲ್ಲೂ ದಿನಾ ಚೂರು ಆಲ್ಕೋಹಾಲ್ ಹುಟ್ಟುತ್ತದೆ. ಲಿವರ್ ಅದನ್ನು ಅಲ್ಲಲ್ಲೇ ಸುಟ್ಟು ಹಾಕುತ್ತದೆ. ರಕ್ತದಲ್ಲಿ ಉಳಿಯುವುದು ಅಳೆಯಲೂ ಕಷ್ಟವಾಗುವಷ್ಟು ಕಡಿಮೆ.

62 ಬರಬೇಕಾದರೆ ಎಷ್ಟು ಬೇಕು? ಗೇಟಿನ ಯಂತ್ರ ತೋರಿಸಿದ್ದು ನೂರು ಮಿಲಿಲೀಟರ್ ರಕ್ತಕ್ಕೆ 62 ಮಿಲಿಗ್ರಾಂ ಎಂದು ಇಟ್ಟುಕೊಳ್ಳೋಣ. 65 ಕಿಲೋ ತೂಕದ ಗಂಡಸಿನ ಮೈಯಲ್ಲಿ ಆಗ ಸುಮಾರು 27 ಗ್ರಾಂ ಆಲ್ಕೋಹಾಲ್ ಇರಬೇಕು. 90 ಮಿಲಿ ವಿಸ್ಕಿಯಲ್ಲಿ ಸುಮಾರು 30 ಗ್ರಾಂ ಇರುತ್ತದೆ, ಅದಕ್ಕಿಂತ ತುಸು ಕಡಿಮೆ. ಯೀಸ್ಟ್ ಸಕ್ಕರೆಯ ತೂಕದಲ್ಲಿ ಹೆಚ್ಚೆಂದರೆ ಅರ್ಧದಷ್ಟನ್ನು ಆಲ್ಕೋಹಾಲ್ ಮಾಡಬಲ್ಲದು. ಅಂದರೆ 54 ಗ್ರಾಂ ಸಕ್ಕರೆ ಪೂರ್ತಿ ಯೀಸ್ಟಿನ ಪಾಲಾಗಬೇಕು. ಅಷ್ಟರಲ್ಲಿ ಲಿವರ್ ಗಂಟೆಗೆ ಏಳೆಂಟು ಗ್ರಾಂ ಕರಗಿಸುತ್ತಲೂ ಇರುತ್ತದೆ. ನಮ್ಮ ಕಡೆ ತುಂಬಿದ ತಟ್ಟೆ ಅನ್ನದಲ್ಲಿ 80 ಗ್ರಾಂಗೂ ಜಾಸ್ತಿ ಹಿಟ್ಟಿನ ಅಂಶ ಇರುತ್ತದೆ, ಒಳಗೆ ಅದು ಸಕ್ಕರೆಯೇ ಆಗುತ್ತದೆ, ಆದ್ದರಿಂದ ಲೆಕ್ಕದಲ್ಲಿ ಇದು ಅಸಾಧ್ಯ ಅಲ್ಲ. ಆದರೆ ಸಾಮಾನ್ಯವಾಗಿ ಅದರ ಬಹುಪಾಲನ್ನು ಸಣ್ಣ ಕರುಳು ಬೇಗ ಹೀರಿಕೊಳ್ಳುತ್ತದೆ, ಯೀಸ್ಟಿಗೆ ಸಿಗುವುದು ಎಂಜಲು. ಯೀಸ್ಟ್ ವಿಪರೀತ ಬೆಳೆದಿರಬೇಕು, ಊಟವೂ ಒಳಗೆ ತುಂಬ ಹೊತ್ತು ನಿಲ್ಲಬೇಕು. ಆಗ ಮಾತ್ರ ಇದು ಆಗುತ್ತದೆ. ಅದಕ್ಕೇ ಇಷ್ಟು ಅಪರೂಪ.

ನಿಮ್ಮ ಪತ್ರ ನನ್ನನ್ನು ತಡೆದು ನಿಲ್ಲಿಸಿದ್ದು ಇಲ್ಲಿ. ಯೀಸ್ಟ್ ಹಾಗೆ ಬೆಳೆಯಲು ಏನೇನು ದಾರಿ ಮಾಡಿಕೊಡಬಹುದೋ ಅದರಲ್ಲಿ ಮೂರು ನಿಮ್ಮ ಯಜಮಾನರಲ್ಲಿವೆ. ಎರಡು ತಿಂಗಳ ಆಂಟಿಬಯಾಟಿಕ್ ಕರುಳಿನ ಒಳ್ಳೆಯ ಬ್ಯಾಕ್ಟೀರಿಯಾಗಳನ್ನೂ ಕೊಂದಿರುತ್ತದೆ. ಅವು ಬಿಟ್ಟ ಜಾಗದಲ್ಲಿ ಆಂಟಿಬಯಾಟಿಕ್‌ಗೆ ಸಾಯದ ಯೀಸ್ಟ್ ಹಬ್ಬುತ್ತದೆ. ದಿನಾ ತಿನ್ನುವ ಗ್ಯಾಸ್ ಗುಳಿಗೆ ಹೊಟ್ಟೆಯ ಆಮ್ಲ ಕಡಿಮೆ ಮಾಡುತ್ತದೆ. ಆ ಆಮ್ಲವೇ ಕ್ರಿಮಿಗಳು ಕೆಳಗಿಳಿಯದಂತೆ ಕಾಯುವ ಬಾಗಿಲು. ಸಕ್ಕರೆ ಕಾಯಿಲೆ ಹಳೆಯದಾದರೆ ಹೊಟ್ಟೆ, ಕರುಳಿನ ನರಗಳು ಸೋತು ಊಟ ಮುಂದೆ ಸಾಗುವುದು ನಿಧಾನವಾಗುತ್ತದೆ. 2024ರಲ್ಲಿ ಕೆನಡಾದ ವೈದ್ಯರು ಟೊರಾಂಟೊದ 50 ವರ್ಷದ ಮಹಿಳೆಯೊಬ್ಬರ ಬಗ್ಗೆ ಬರೆದಿದ್ದಾರೆ. ಮೂತ್ರದ ಸೋಂಕಿಗೆ ಪದೇ ಪದೇ ಆಂಟಿಬಯಾಟಿಕ್, ಜೊತೆಗೆ ಆಮ್ಲ ತಗ್ಗಿಸುವ ಗುಳಿಗೆ. ಎರಡು ವರ್ಷದಲ್ಲಿ ಏಳು ಸಲ ತುರ್ತು ವಿಭಾಗಕ್ಕೆ ಹೋದರು. ಕುಡಿಯುವುದಿಲ್ಲ ಎಂದರೆ ನಂಬುವವರಿರಲಿಲ್ಲ. ಮನೆಯವರೂ ಅವರ ಪರವಾಗಿ ಹೇಳಿದ್ದರು. ಕೊನೆಗೆ ಕಾಯಿಲೆ ಸಿಕ್ಕಿತು.

ಎಲ್ಲರಲ್ಲೂ ಯೀಸ್ಟೇ ಕಾರಣ ಅಲ್ಲ ಎನ್ನುವುದನ್ನೂ ಸೇರಿಸುತ್ತೇನೆ. 2019ರಲ್ಲಿ ಚೀನಾದ ಸಂಶೋಧಕರು ಕ್ಲೆಬ್ಸಿಯೆಲ್ಲಾ ಎಂಬ ಬ್ಯಾಕ್ಟೀರಿಯಾದ ಕೆಲವು ತಳಿಗಳೂ ಹೀಗೆ ಆಲ್ಕೋಹಾಲ್ ಮಾಡುತ್ತವೆ ಎಂದು ತೋರಿಸಿದರು. ಬ್ಯಾಕ್ಟೀರಿಯಾ ಕಾರಣವಾಗಿದ್ದರೆ ಯೀಸ್ಟಿನ ಔಷಧಿ ಕೆಲಸ ಮಾಡುವುದಿಲ್ಲ. ಸುಮ್ನೆ ಅಂದಾಜಿನ ಮೇಲೆ ಗುಳಿಗೆ ಕೊಡಬಾರದು ಎನ್ನುವುದಕ್ಕೆ ಇದೂ ಒಂದು ಕಾರಣ.

ಮದ್ದು ಹಾಕಿದ್ದಾರೆ ಎನ್ನುವ ನಿಮ್ಮ ಅತ್ತೆಯ ಮಾತಿನ ಹಿಂದೆ ಮಗನ ಮೇಲಿನ ನಂಬಿಕೆ ಇದೆ. ನನ್ನ ಮಗ ಕುಡಿಯುವವನಲ್ಲ ಎಂದು ಅವರು ತಮಗೆ ತಿಳಿದ ಮಾತಿನಲ್ಲಿ ಹೇಳುತ್ತಿದ್ದಾರೆ. ಆದರೆ ಮದ್ದು ತೆಗೆಸಲು ಕರೆದುಕೊಂಡು ಹೋಗಿ ವಾಂತಿ ಮಾಡಿಸಬೇಡಿ. ಸಕ್ಕರೆ ಗುಳಿಗೆ ನುಂಗಿದವರಿಗೆ ವಾಂತಿ ಮಾಡಿಸಿದರೆ ಸಕ್ಕರೆ ಅಪಾಯದ ಮಟ್ಟಕ್ಕೆ ಇಳಿಯಬಹುದು. ಇಡ್ಲಿ, ದೋಸೆ, ಅಂಬಲಿ ತಿಂದರೆ ಹೀಗಾಗುತ್ತದೆ ಎನ್ನುವವರಿದ್ದಾರೆ. ಅವುಗಳ ಹುಳಿಯಲ್ಲಿ ಮುಖ್ಯವಾಗಿ ಹುಟ್ಟುವುದು ಮೊಸರಿನಲ್ಲಿರುವಂಥ ಆಮ್ಲ. ಅವುಗಳನ್ನು ತಿಂದು ಅಮಲೇರುವುದಿಲ್ಲ.

ಇನ್ನು ಆ ಯಂತ್ರ. ಅದು ಸುಳ್ಳು ಹೇಳುವುದೂ ಉಂಟು. ಬಾಯಲ್ಲೇ ಆಲ್ಕೋಹಾಲ್ ಇದ್ದರೆ, ಅಂದರೆ ಕೆಮ್ಮಿನ ಸಿರಪ್, ಬಾಯಿ ಮುಕ್ಕಳಿಸುವ ಔಷಧಿ, ಹೋಮಿಯೋಪತಿ ಹನಿ ಇಂಥವು, ಆ ಕ್ಷಣಕ್ಕೆ ಅಂಕಿ ಏರುತ್ತದೆ. ಕೇರಳದಲ್ಲಿ 2025ರಲ್ಲಿ ಹಲಸಿನ ತೊಳೆ ತಿಂದು ಬಂದ ಬಸ್ ಸಿಬ್ಬಂದಿ ಊದಿದಾಗ ಹೀಗಾಗಿ ದೊಡ್ಡ ಸುದ್ದಿಯಾಗಿತ್ತು. ಗೇಟಿನಲ್ಲಿ ಕೈಗೆ ಸ್ಯಾನಿಟೈಸರ್ ಹಚ್ಚಿ ತಕ್ಷಣ ಊದಿಸಿದರೂ ತೊಂದರೆಯೇ. ನೀರಿನಿಂದ ಬಾಯಿ ತೊಳೆದು 15-20 ನಿಮಿಷ ಬಿಟ್ಟು ಮತ್ತೆ ಊದಿಸಬೇಕು. ಸಕ್ಕರೆ ತೀರಾ ಏರಿ, ಮೈಯ ಕೊಬ್ಬು ಕರಗಿ ಹುಟ್ಟುವ ಕೀಟೋನ್ ಎಂಬ ಪದಾರ್ಥ ಹೆಚ್ಚಾದಾಗಲೂ ಉಸಿರಿಗೆ ಹಣ್ಣಿನಂಥ, ಸ್ಪಿರಿಟ್ಟಿನಂಥ ವಾಸನೆ ಬರುತ್ತದೆ. ಅಗ್ಗದ ಯಂತ್ರಗಳು ಅದನ್ನು ಮದ್ಯ ಎಂದೇ ತೋರಿಸಬಹುದು.

ನನ್ನ ಅನುಭವವನ್ನೂ ಮುಚ್ಚಿಡದೆ ಹೇಳುತ್ತೇನೆ. ಬಳ್ಳಾರಿಯಲ್ಲಿ ಇಷ್ಟು ವರ್ಷ ಹೊಟ್ಟೆ, ಲಿವರಿನ ರೋಗಿಗಳನ್ನು ನೋಡುತ್ತಿದ್ದೇನೆ. ಈ ಕಾಯಿಲೆ ಇರಬಹುದು ಎಂಬ ಅನುಮಾನದಿಂದ ಪೂರ್ತಿ ಪರೀಕ್ಷೆ ಮಾಡಿಸಿದ್ದು ಮೂವರಿಗೆ. ಮೂವರಲ್ಲೂ ಇರಲಿಲ್ಲ. ಒಬ್ಬರು ಸಕ್ಕರೆ ಗುಳಿಗೆ ತಿಂದು ಊಟ ತಪ್ಪಿಸುತ್ತಿದ್ದರು. ಸಕ್ಕರೆ ಇಳಿದು ತೊದಲುತ್ತಿದ್ದವರನ್ನು ಊರವರು ಕುಡುಕ ಎಂದುಕೊಂಡಿದ್ದರು. ಇನ್ನೊಬ್ಬರ ಲಿವರ್ ಗಟ್ಟಿಯಾಗಿ, ರಕ್ತದಲ್ಲಿ ಅಮೋನಿಯಾ ಏರಿ ಮಂಕು ಕವಿಯುತ್ತಿತ್ತು. ಮೂರನೆಯವರು ಗುಟ್ಟಾಗಿ ಕುಡಿಯುತ್ತಿದ್ದರು. ಫಲಿತಾಂಶ ಮುಂದಿಟ್ಟ ದಿನ ಅವರು ಅತ್ತರು. ಹೇಳಿಕೊಂಡ ಮೇಲೆ ಹಗುರ ಆಯಿತು ಎಂದರು. ಅವತ್ತಿನಿಂದ ಅವರಿಗೆ ಬೇಕಾದ ಚಿಕಿತ್ಸೆ ಶುರುವಾಯಿತು. ಮೂವರಿಗೂ ಪರೀಕ್ಷೆಯಿಂದ ಒಳ್ಳೆಯದೇ ಆಯಿತು. ಅದಕ್ಕೇ ಆಣೆಗಿಂತ ಪರೀಕ್ಷೆ ಮೇಲು ಅನ್ನುವುದು. ಆಣೆ ಮಾಡಿದವರ ಮೇಲೂ ಭಾರ, ನಂಬಬೇಕಾದವರ ಮೇಲೂ ಭಾರ.

ಮನೆಯಲ್ಲಿ ಇವತ್ತಿನಿಂದ ಹೀಗೆ ಮಾಡಿ. ಒಂದು ಗ್ಲುಕೋಮೀಟರ್ ತನ್ನಿ. ತೊದಲು ಶುರುವಾದ ಕೂಡಲೇ ಬೆರಳಿಗೆ ಚುಚ್ಚಿ ನೋಡಿ. 70ಕ್ಕಿಂತ ಕಡಿಮೆ ಇದ್ದರೆ ಬೇರೆ ಯೋಚನೆ ಬೇಡ, ಎಚ್ಚರ ಇರುವಾಗಲೇ ಸಕ್ಕರೆ ನೀರು ಕುಡಿಸಿ. ಯೀಸ್ಟಿಗೆ ಸಕ್ಕರೆ ಕೊಟ್ಟ ಹಾಗಾಗುತ್ತದೆ ಎಂದು ಹಿಂಜರಿಯಬೇಡಿ, ಆ ಗಳಿಗೆಯಲ್ಲಿ ಜೀವ ಉಳಿಸುವುದು ಸಕ್ಕರೆಯೇ. ಎಬ್ಬಿಸಿದರೆ ಏಳದೇ ಇದ್ದರೆ ಬಾಯಿಗೆ ಏನೂ ಹಾಕದೆ 108ಕ್ಕೆ ಫೋನ್ ಮಾಡಿ. ಅಮಲಿನಲ್ಲಿ ಮಲಗಿದ್ದಾರೆ, ಇಳಿದ ಮೇಲೆ ಏಳುತ್ತಾರೆ ಎಂದು ಬಿಡಬೇಡಿ. ಒಂದು ನೋಟ್‌ಬುಕ್ಕಿನಲ್ಲಿ ಎಷ್ಟು ಹೊತ್ತಿಗೆ ಏನು ಉಂಡರು, ಎಷ್ಟು ಹೊತ್ತಿಗೆ ತೊದಲಿತು, ಸಕ್ಕರೆ ಎಷ್ಟಿತ್ತು ಎಂದು ಬರೆಯಿರಿ. ಹತ್ತು ದಿನದ ಅಂಥ ಹಾಳೆ ನನಗೆ ಒಂದು ಸ್ಕ್ಯಾನಿಗಿಂತ ಹೆಚ್ಚು ಹೇಳುತ್ತದೆ.

ಖಚಿತ ಮಾಡುವ ಪರೀಕ್ಷೆ ಮನೆಯಲ್ಲಿ ಆಗುವುದಿಲ್ಲ. ಆಸ್ಪತ್ರೆಯಲ್ಲಿ ಒಂದು ದಿನ ಇಡುತ್ತೇವೆ. ಚೀಲ, ಬಟ್ಟೆ, ನೀರಿನ ಬಾಟಲಿ ಎಲ್ಲ ನೋಡಿ, ಜೊತೆಗೆ ಯಾರಾದರೂ ಸದಾ ಇರುವಂತೆ ಮಾಡುತ್ತೇವೆ. ಇದು ಅವಮಾನ ಅಲ್ಲ ಎಂದು ಅವರಿಗೆ ಮೊದಲೇ ಹೇಳಿ. ನಾಳೆ ಯಾರೂ ಬೆರಳು ತೋರಿಸದಂತೆ ಅವರನ್ನು ಕಾಯುವುದೇ ಈ ಕಾವಲು. ಮೊದಲು ರಕ್ತದಲ್ಲಿ ಆಲ್ಕೋಹಾಲ್ ಸೊನ್ನೆ ಇದೆ ಎಂದು ನೋಡಿ, ನಂತರ ಗ್ಲುಕೋಸ್ ಕುಡಿಸಿ, ಅರ್ಧ ಗಂಟೆ, ಒಂದು, ಎರಡು, ನಾಲ್ಕು, ಎಂಟು ಗಂಟೆಗೆ, ಕೆಲವೊಮ್ಮೆ 24 ಗಂಟೆಯವರೆಗೂ ರಕ್ತ ತೆಗೆದು ನೋಡುತ್ತೇವೆ. ಕೆಲವು ಕಡೆ ಇದಕ್ಕೆ 200 ಗ್ರಾಂ ಗ್ಲುಕೋಸ್ ಕೊಡುತ್ತಾರೆ. ನಿಮ್ಮ ಯಜಮಾನರಂಥ ಸಕ್ಕರೆ ರೋಗಿಗೆ ಅದು ಹುಡುಗಾಟ ಅಲ್ಲ. ಪ್ರಮಾಣ ತಗ್ಗಿಸಿ, ಇನ್ಸುಲಿನ್ ಪಕ್ಕದಲ್ಲಿಟ್ಟುಕೊಂಡೇ ಮಾಡಬೇಕು. ಯಾರ ಮಾತು ಕೇಳಿಯೂ ಮನೆಯಲ್ಲಿ ಗ್ಲುಕೋಸ್ ಡಬ್ಬಿ ಕಲಸಿ ಕುಡಿಸಬೇಡಿ.

ರಕ್ತ ತೆಗೆಯುವಾಗಲೂ ತಪ್ಪಾಗುತ್ತದೆ. ಚರ್ಮವನ್ನು ಸ್ಪಿರಿಟ್ ಹತ್ತಿಯಿಂದ ಒರೆಸಬಾರದು. ರಕ್ತವನ್ನು ಬೂದು ಮುಚ್ಚಳದ, ಫ್ಲೋರೈಡ್ ಇರುವ ಟ್ಯೂಬಿನಲ್ಲೇ ಇಡಬೇಕು. ಇಲ್ಲದಿದ್ದರೆ ನಮ್ಮ ಬಳ್ಳಾರಿ, ರಾಯಚೂರಿನ ಬಿಸಿಲಿಗೆ ಟ್ಯೂಬಿನೊಳಗೇ ಹುಳಿಯುವಿಕೆ ನಡೆದು ಇಲ್ಲದ ಆಲ್ಕೋಹಾಲ್ ಕಾಣಿಸಬಹುದು. ಮೂತ್ರ ಪರೀಕ್ಷೆಯೊಂದನ್ನೇ ನಂಬಲೇಬಾರದು. 2020ರಲ್ಲಿ ಅಮೆರಿಕದ ಪಿಟ್ಸ್‌ಬರ್ಗಿನಲ್ಲಿ ಲಿವರ್ ಕಸಿಗೆ ಕಾಯುತ್ತಿದ್ದ 61 ವರ್ಷದ ಮಹಿಳೆಯ ಮೂತ್ರದಲ್ಲಿ ಮತ್ತೆ ಮತ್ತೆ ಆಲ್ಕೋಹಾಲ್ ಸಿಕ್ಕಿತು. ಕುಡಿಯುತ್ತಾರೆ ಎಂದೇ ಎಲ್ಲರೂ ತಿಳಿದರು. ನೋಡಿದರೆ ರಕ್ತದಲ್ಲಿ ಆಲ್ಕೋಹಾಲ್ ಇರಲಿಲ್ಲ. ಸಕ್ಕರೆ ಕಾಯಿಲೆಯಿಂದ ಮೂತ್ರಕ್ಕೆ ಇಳಿದ ಸಕ್ಕರೆಯನ್ನು ಮೂತ್ರಕೋಶದಲ್ಲಿದ್ದ ಯೀಸ್ಟ್ ಅಲ್ಲೇ ಹೆಂಡ ಮಾಡುತ್ತಿತ್ತು. ನಿಮ್ಮ ಯಜಮಾನರಿಗೆ ಅಮಲಿನ ಲಕ್ಷಣವೂ ಇರುವುದರಿಂದ ಇದೊಂದೇ ಕಾರಣ ಆಗಿರಲಾರದು, ಆದರೂ ಮೂತ್ರದ ಮೇಲೆ ತೀರ್ಪು ಕೊಡುವವರಿಗೆ ಇದನ್ನು ನೆನಪಿಸಿ.

ಗ್ಲುಕೋಸ್ ಪರೀಕ್ಷೆಯಲ್ಲಿ ಆಲ್ಕೋಹಾಲ್ ಏರಿದರೆ ಮುಂದಿನ ಹೆಜ್ಜೆ ಎಂಡೋಸ್ಕೋಪಿ. ಸಣ್ಣ ಕರುಳಿನ ನೀರು ತೆಗೆದು ಯಾವ ಯೀಸ್ಟ್, ಯಾವ ಔಷಧಿಗೆ ಸಾಯುತ್ತದೆ ಎಂದು ಬೆಳೆಸಿ ನೋಡಬೇಕು. ಸಕ್ಕರೆ, ಕೀಟೋನ್, ಲಿವರ್, ಅಮೋನಿಯಾ ಪರೀಕ್ಷೆಗಳನ್ನು ಬಳ್ಳಾರಿ, ರಾಯಚೂರು, ಕೊಪ್ಪಳದ ಸರ್ಕಾರಿ ವೈದ್ಯಕೀಯ ಕಾಲೇಜು ಆಸ್ಪತ್ರೆಗಳಲ್ಲಿ ಮೊದಲು ವಿಚಾರಿಸಿ. ಗ್ಲುಕೋಸ್ ಪರೀಕ್ಷೆ ಮತ್ತು ಈ ಬೆಳೆಸುವ ಕೆಲಸಕ್ಕೆ ಬೆಂಗಳೂರು ಅಥವಾ ಹೈದರಾಬಾದಿನ ದೊಡ್ಡ ಕೇಂದ್ರಕ್ಕೆ ಹೋಗಬೇಕಾಗಬಹುದು.

ಚಿಕಿತ್ಸೆ ಇದೆ. ತಾಳ್ಮೆ ಬೇಕು. ಯೀಸ್ಟ್ ಕೊಲ್ಲುವ ಗುಳಿಗೆಗಳನ್ನು ಕೆಲವು ವಾರ ಕೊಡುತ್ತೇವೆ. ನಿಮ್ಮ ವಿಷಯದಲ್ಲಿ ಎರಡು ಎಚ್ಚರಿಕೆ. ಫ್ಲುಕೊನಜೋಲ್ ಎಂಬ ಗುಳಿಗೆ ಗ್ಲಿಮೆಪಿರೈಡ್ ಮೈಯಲ್ಲಿ ಹೆಚ್ಚು ಹೊತ್ತು ಉಳಿಯುವಂತೆ ಮಾಡಿ ಸಕ್ಕರೆಯನ್ನು ತೀರಾ ಇಳಿಸಬಹುದು. ಇಟ್ರಾಕೊನಜೋಲ್ ಕ್ಯಾಪ್ಸೂಲಿಗೆ ಹೊಟ್ಟೆಯ ಆಮ್ಲ ಬೇಕು, ಗ್ಯಾಸ್ ಗುಳಿಗೆಯ ಜೊತೆ ಅದು ಸರಿಯಾಗಿ ಮೈಗೆ ಹಿಡಿಯುವುದಿಲ್ಲ. ಎರಡಕ್ಕೂ ಲಿವರ್ ಮೇಲೆ ಕಣ್ಣಿಡಬೇಕು. ಮೆಡಿಕಲ್ ಶಾಪಿನಲ್ಲಿ ಕೇಳಿ ತಂದುಕೊಡುವ ಔಷಧಿ ಇದಲ್ಲ. ಗ್ಯಾಸ್ ಗುಳಿಗೆ ನಿಜಕ್ಕೂ ಬೇಕೇ ಎಂದೂ ನೋಡಬೇಕು. ಎಷ್ಟೋ ಜನರಿಗೆ ಅದು ಹದಿನೈದು ದಿನಕ್ಕೆಂದು ಬರೆದುಕೊಟ್ಟದ್ದು, ವರ್ಷಗಟ್ಟಲೆ ನಡೆದಿರುತ್ತದೆ.

ಊಟವೇ ಕಷ್ಟದ ಭಾಗ. ಅನ್ನ ಬಿಟ್ಟು ಜೋಳದ ರೊಟ್ಟಿ ತಿಂದರೆ ಆಯಿತಲ್ವಾ ಎಂದು ಎಲ್ಲರೂ ಕೇಳುತ್ತಾರೆ. ರೊಟ್ಟಿ ನಿಧಾನಕ್ಕೆ ಕರಗುತ್ತದೆ, ಆದರೆ ಕೊನೆಗೆ ಅದೂ ಸಕ್ಕರೆಯೇ. ಕೆಲವು ವಾರ ಅನ್ನ, ರೊಟ್ಟಿ, ಮಂಡಾಳು ಒಗ್ಗರಣೆ, ಸಿಹಿ ಚಹಾ ಎಲ್ಲವೂ ತೀರಾ ಕಡಿಮೆ ಆಗಬೇಕು. ಆ ಜಾಗದಲ್ಲಿ ಮೊಟ್ಟೆ, ಕೋಳಿ, ಶೇಂಗಾ, ಪುಂಡಿ ಪಲ್ಯ, ಬದನೆಕಾಯಿ, ಮಜ್ಜಿಗೆ. ಆದರೆ ಗಮನಿಸಿ, ಗ್ಲಿಮೆಪಿರೈಡ್ ಪ್ರಮಾಣ ಇಳಿಸದೆ ಊಟದ ಹಿಟ್ಟು ಇಳಿಸಿದರೆ ಸಕ್ಕರೆ ಕುಸಿಯುತ್ತದೆ. ಮೊದಲು ವೈದ್ಯರು, ಆಮೇಲೆ ಪಥ್ಯ.

ವಾಸಿಯಾದ ಮೇಲೂ ಮರಳಬಹುದು. ಟೊರಾಂಟೊದ ಆ ಮಹಿಳೆಗೆ ಹಿಟ್ಟಿನ ಪದಾರ್ಥ ಹೆಚ್ಚಿಸಿದಾಗ ಮತ್ತೆ ಕಾಣಿಸಿತು. 2019ರಲ್ಲಿ ನ್ಯೂಯಾರ್ಕಿನ ವೈದ್ಯರು ಬರೆದ 46 ವರ್ಷದ ರೋಗಿಯೊಬ್ಬರಿಗೆ ಹೆಬ್ಬೆರಳಿನ ಗಾಯಕ್ಕೆ ಕೊಟ್ಟ ಆಂಟಿಬಯಾಟಿಕ್ ಆದ ಮೇಲೆ ಇದು ಶುರುವಾಗಿತ್ತು. ಕುಡಿದು ಓಡಿಸಿದ ಆರೋಪದಲ್ಲಿ ಬಂಧನವೂ ಆಗಿತ್ತು. ಚಿಕಿತ್ಸೆ ನಡೆಯುವಾಗ ವೈದ್ಯರಿಗೆ ಹೇಳದೆ ಪಿಜ್ಜಾ, ಸೋಡಾ ತಗೊಂಡಾಗ ಕಾಯಿಲೆ ಮರಳಿತು. ಕೊನೆಗೆ ರಕ್ತನಾಳದ ಮೂಲಕ ಆರು ವಾರ ಔಷಧಿ ಕೊಟ್ಟರು. ಆಮೇಲೆ ಅವರು ಮಾಮೂಲಿ ಊಟಕ್ಕೆ ಬಂದರು. ಔಷಧಿ ಸೋತ ಒಬ್ಬರಿಗೆ ಬೆಲ್ಜಿಯಂನಲ್ಲಿ ಮಗಳ ಮಲದಿಂದ ಒಳ್ಳೆಯ ಬ್ಯಾಕ್ಟೀರಿಯಾ ಕಸಿ ಮಾಡಿದ ಉದಾಹರಣೆಯೂ ಇದೆ. ಅದು ಕೊನೆಯ ದಾರಿ. ಈಗ ಅದರ ಚಿಂತೆ ಬೇಡ.

ಕೆಲಸದ ಬಗ್ಗೆ. ಮೋಟಾರು ವಾಹನ ಕಾಯ್ದೆಯ 185ನೇ ಸೆಕ್ಷನ್ ಪ್ರಕಾರ ನೂರು ಮಿಲಿಲೀಟರ್ ರಕ್ತಕ್ಕೆ 30 ಮಿಲಿಗ್ರಾಂ ದಾಟಬಾರದು. ನನಗೆ ಕಾಯಿಲೆ ಇದೆ ಎಂದು ಬಾಯಲ್ಲಿ ಹೇಳಿದರೆ ಯಾರೂ ಬಿಡುವುದಿಲ್ಲ. ಬೆಲ್ಜಿಯಂನ ಬ್ರೂಜ್ ನಗರದಲ್ಲಿ 2024ರ ಏಪ್ರಿಲಿನಲ್ಲಿ ಇಂಥ ಒಬ್ಬರನ್ನು ಕೋರ್ಟ್ ಖುಲಾಸೆ ಮಾಡಿತು. ಅದಕ್ಕೆ ಮೊದಲು ಮೂವರು ವೈದ್ಯರು ಬೇರೆ ಬೇರೆಯಾಗಿ ಪರೀಕ್ಷಿಸಿ ಕಾಯಿಲೆ ಇದೆ ಎಂದು ಹೇಳಿದ್ದರು. ನಿಮ್ಮ ಯಜಮಾನರೂ ಮಾಲೀಕರಿಗೆ ಒಂದು ಅರ್ಜಿ ಬರೆದು, ಪರೀಕ್ಷೆ ಮುಗಿಯುವವರೆಗೆ ರಜೆ ಅಥವಾ ಗಾಡಿ ಓಡಿಸದ ಬೇರೆ ಕೆಲಸ ಕೇಳಲಿ. ಗೇಟಿನ ಎರಡೂ ದಿನದ ಅಂಕಿ, ಗಂಟೆ ಬರೆದ ಕಾಗದದ ನಕಲು ಸಿಕ್ಕರೆ ಪಡೆಯಲಿ.

ಯಾರನ್ನು ನಂಬಲಿ ಎಂದು ಕೇಳಿದ್ದೀರಿ. ಪರೀಕ್ಷೆ ಆಗುವವರೆಗೆ ನೀವು ತೀರ್ಪು ಕೊಡಬೇಕಿಲ್ಲ. "ನಿಮಗೆ ಏನಾಗಿದೆಯೋ ಗೊತ್ತಿಲ್ಲ, ಇಬ್ಬರೂ ಹೋಗಿ ತಿಳಿದುಕೊಂಡು ಬರೋಣ" ಎಂದು ಹೇಳಿ ಸಾಕು. ಕುಡಿಯದೇ ಇದ್ದರೆ ಈ ಮಾತು ಅವರಿಗೆ ದೊಡ್ಡ ಬಲ. ಕುಡಿಯುತ್ತಿದ್ದರೆ, ಹೇಳಿಕೊಳ್ಳಲು ಒಂದು ದಾರಿ.

ಬರುವಾಗ ಕಾಲಿನ ಗಾಯಕ್ಕೆ ಕೊಟ್ಟ ಎಲ್ಲ ಚೀಟಿ, ಈಗಿನ ಗುಳಿಗೆಗಳ ಪಟ್ಟಿ, ಆ ನೋಟ್‌ಬುಕ್ ತನ್ನಿ. ಮತ್ತೆ, ನಿಮ್ಮ ಅಣ್ಣ ಕೊಟ್ಟ ಪುಡಿಯ ಪೊಟ್ಟಣವನ್ನು ಎಸೆಯಬೇಡಿ. ಅದನ್ನೂ ತನ್ನಿ.